ಖಾಲಿ ಜಾಗ ತೋರಿಸುವ ಕೆಲಸ

ನನ್ನ ಜಾಗಕ್ಕೆ ಇಬ್ಬರು ಹೊಸಬರು ಸೇರಿದ್ದಾರೆ. ಇಬ್ಬರೂ ಹೆಣ್ಣುಮಕ್ಕಳು. ಒಬ್ಬಳು ಪೊನ್ನಂಪೇಟೆಯವಳು, ಇನ್ನೊಬ್ಬಳು ಸೋಮವಾರಪೇಟೆ ಕಡೆಯವಳು. ಹೋದ ವಾರ ಮನೆ ಹುಡುಕಿಕೊಂಡು ಬಂದು, "ಮೇಡಂ, ಕೆಲಸದ ಬಗ್ಗೆ ಏನಾದ್ರೂ ಹೇಳಿ" ಅಂದರು. ಒಂದು ಲೋಟ ಕಾಫಿ ಕುಡಿಯುವ ಹೊತ್ತಿನಲ್ಲಿ ಹೇಳಿ ಮುಗಿಯುವುದಲ್ಲ, ಬರೆದು ಕೊಡುತ್ತೇನೆ ಅಂದೆ. ಯಂತ್ರ ನಡೆಸುವುದನ್ನು ಕಚೇರಿಯಲ್ಲಿ ಕಲಿಸುತ್ತಾರೆ. ಅಲ್ಲಿ ಕಲಿಸದೇ ಇರುವುದನ್ನು ಮಾತ್ರ ಇಲ್ಲಿ ಬರೆದಿದ್ದೇನೆ.

ನಮ್ಮದು ಸಂಚಾರಿ ತಾರಾಲಯ. ಹೆಸರು ದೊಡ್ಡದು. ಒಂದು ಜೀಪು, ಜೀಪಿನಲ್ಲಿ ಮಡಚಿಟ್ಟ ಬಟ್ಟೆಯ ಗುಮ್ಮಟ, ಅದಕ್ಕೆ ಗಾಳಿ ತುಂಬುವ ಬ್ಲೋವರ್, ಆಕಾಶ ಮೂಡಿಸುವ ಪ್ರೊಜೆಕ್ಟರ್, ಹಂಸಣ್ಣ ಅನ್ನುವ ಹಾಗೆ ಎಲ್ಲರೂ ಹಂಸಾಕ ಅನ್ನುವ ಡ್ರೈವರ್, ಮತ್ತು ನಾನು. ಇಷ್ಟೇ ತಾರಾಲಯ. ಶಾಲೆಯ ಸಭಾಂಗಣದಲ್ಲಿ ಗುಮ್ಮಟ ಹರಡಿ ಗಾಳಿ ಬಿಟ್ಟರೆ ಹತ್ತು ನಿಮಿಷದಲ್ಲಿ ಅದು ಎದ್ದು ನಿಲ್ಲುತ್ತದೆ. ಮಕ್ಕಳು ಅದನ್ನು ಆನೆ ಅನ್ನುತ್ತಿದ್ದರು. ಒಳಗೆ ಹೋಗಲು ಉದ್ದನೆಯ ಬಟ್ಟೆಯ ಸೊಂಡಿಲಿನಂಥ ದಾರಿ ಇರುತ್ತದಲ್ಲ, ಅದರೊಳಗೆ ಅಂಬೆಗಾಲಿಟ್ಟು ಹೋಗಬೇಕು. ನಾನು ಮೊದಲ ದಿನ ಸೀರೆ ಉಟ್ಟು ಹೋಗಿದ್ದೆ. ಅರ್ಧ ದಾರಿಯಲ್ಲಿ ಸೆರಗು ಮೊಣಕಾಲಿಗೆ ಸಿಕ್ಕಿ ಮುಂದಕ್ಕೂ ಇಲ್ಲ, ಹಿಂದಕ್ಕೂ ಇಲ್ಲ. ನಲವತ್ತು ಮಕ್ಕಳು ಹಿಂದೆ ಸಾಲುಗಟ್ಟಿ ಕಾಯುತ್ತಿದ್ದರು. ಮರುದಿನದಿಂದ ಚೂಡಿದಾರ್. ನೀವು ಅದನ್ನೇ ಹಾಕಿಕೊಳ್ಳಿ, ಸಾಕ್ಸ್ ಎರಡು ಜೊತೆ ಇಟ್ಟುಕೊಳ್ಳಿ. ಮಕ್ಕಳ ಸಾಕ್ಸಿನ ವಾಸನೆ ಒಂದು ತಿಂಗಳಲ್ಲಿ ಅಭ್ಯಾಸವಾಗುತ್ತದೆ.

ಮೊದಲು ನಮ್ಮಲ್ಲಿ ಇದ್ದದ್ದು ತೂತು ತೂತಿನ ಉರುಳೆ. ಒಳಗೆ ಬಲ್ಬು ಹಾಕಿದರೆ ತೂತುಗಳ ಬೆಳಕು ಗುಮ್ಮಟದ ಮೇಲೆ ನಕ್ಷತ್ರಗಳಾಗಿ ಬೀಳುತ್ತಿತ್ತು. ಕೈಯಲ್ಲಿ ತಿರುಗಿಸಿದರೆ ರಾತ್ರಿ ಸಾಗುತ್ತಿತ್ತು. ಅದರಲ್ಲಿ ಭೂಮಿಯಿಂದ ಕಾಣುವ ಆಕಾಶ ಬಿಟ್ಟರೆ ಬೇರೇನೂ ಇರಲಿಲ್ಲ. ಆಮೇಲೆ ಡಿಜಿಟಲ್ ಪ್ರೊಜೆಕ್ಟರ್ ಬಂತು. ಅದರ ಜೊತೆಗೆ ನಾವು ಭೂಮಿ ಬಿಟ್ಟು ಹೊರಟೆವು. ಸೂರ್ಯ ದಾಟಿ, ನಮ್ಮ ಗ್ಯಾಲಕ್ಸಿ ದಾಟಿ, ಕೊನೆಗೆ ಗ್ಯಾಲಕ್ಸಿಗಳೇ ಇಲ್ಲದ ಕಡೆಗೆ.

ಆ ಭಾಗದ ಹೆಸರು 'ಮಹಾಶೂನ್ಯ'. ಹೆಸರಿಟ್ಟವರು ನಮ್ಮ ಮುಖ್ಯಸ್ಥರಾದ ಪೂವಯ್ಯ ಸಾರ್. ಕಾಲೇಜಿನಲ್ಲಿ ಭೌತಶಾಸ್ತ್ರ ಕಲಿಸುತ್ತಿದ್ದವರು; ಎತ್ತರದ ಆಳು, ಮಾತು ಕಡಿಮೆ. ಅವರು ನನಗೆ ವಿಷಯ ತಿಳಿಸಿದ್ದು ಹೀಗೆ: ಗ್ಯಾಲಕ್ಸಿಗಳು ಆಕಾಶದಲ್ಲಿ ಎಲ್ಲೆಡೆ ಸಮನಾಗಿ ಚೆಲ್ಲಿಕೊಂಡಿಲ್ಲ. ಅವು ದಾರದಂತೆ, ಗೋಡೆಯಂತೆ ಸಾಲಾಗಿ ಗುಂಪುಗೂಡಿವೆ. ಆ ಗೋಡೆಗಳ ನಡುವೆ ಉಳಿದದ್ದು ಬರಿದು. ಎಷ್ಟು ದೊಡ್ಡ ಬರಿದು ಅಂದರೆ, ಒಂದು ಕಡೆಯಿಂದ ಇನ್ನೊಂದು ಕಡೆಗೆ ಬೆಳಕು ಹೋಗಲು ಕೋಟಿಗಟ್ಟಲೆ ವರ್ಷ ಬೇಕು. ಅದರ ನಡುವೆ ನಿಂತು ಬರಿಗಣ್ಣಿನಲ್ಲಿ ನೋಡಿದರೆ ಒಂದು ಚುಕ್ಕೆಯೂ ಕಾಣುವುದಿಲ್ಲ.

"ಅದನ್ನ ಮಕ್ಕಳಿಗೆ ತೋರ್ಸೋದು ಹೇಗೆ ಸಾರ್?" ಅಂತ ಕೇಳಿದೆ.

"ತೋರ್ಸೋಕೆ ಏನಿದೆ? ಅರ್ಧ ನಿಮಿಷ ಎಲ್ಲಾ ಆಫ್ ಮಾಡಿ" ಅಂದರು.

ನಾಪೋಕ್ಲುವಿನ ಒಂದು ಶಾಲೆಯಲ್ಲಿ ಮೊದಲ ಸಲ ಹಾಗೆ ಮಾಡಿದೆ. ಎಚ್ಚರಿಕೆ ಕೊಡದೆ ಎಲ್ಲವನ್ನೂ ಆರಿಸಿದೆ. ಯಾರೋ ಕಿರುಚಿದರು, ಕೂಡಲೇ ಎಲ್ಲರೂ ಕಿರುಚಿದರು. ಐದಾರು ಮಕ್ಕಳು ಕತ್ತಲಲ್ಲಿ ಬಾಗಿಲು ಹುಡುಕುತ್ತಾ ಗೋಡೆಯ ಜಿಪ್ ಎಳೆದುಬಿಟ್ಟರು. ಗಾಳಿ ಹೊರಗೆ ಹೋಗಿ ಇಡೀ ಬ್ರಹ್ಮಾಂಡ ನಮ್ಮ ತಲೆಯ ಮೇಲೆ ಮೆತ್ತಗೆ ಕುಸಿದು ಬಿತ್ತು. ಹೊರಗಿನಿಂದ ಹಂಸಾಕ ಮಲಯಾಳದಲ್ಲಿ ದೇವರನ್ನು ಕರೆಯುತ್ತಾ ಬಟ್ಟೆ ಎತ್ತಿ ಎತ್ತಿ ಒಬ್ಬೊಬ್ಬರನ್ನೇ ಹೊರಗೆ ತೆಗೆದರು. ಯಾರಿಗೂ ಪೆಟ್ಟಾಗಲಿಲ್ಲ. ನಾನೇ ಕೊನೆಗೆ ಬಂದದ್ದು, ಚಪ್ಪಲಿ ಇಲ್ಲದೆ. ಆದ್ದರಿಂದ ಕತ್ತಲು ಬರುವ ಮೊದಲು ಮಕ್ಕಳಿಗೆ ಹೇಳಿ. ಎಷ್ಟು ಹೊತ್ತು ಇರುತ್ತದೆ ಅನ್ನುವುದನ್ನೂ ಹೇಳಿ.

ಇದು ನಗುವ ತಪ್ಪು. ನಗಲಾಗದ ತಪ್ಪು ಬೇರೆ ಇದೆ. ಅದನ್ನು ಹೇಳಲೆಂದೇ ಇಷ್ಟು ಬರೆಯುತ್ತಿದ್ದೇನೆ.

ಅರ್ಧ ನಿಮಿಷದ ಕತ್ತಲಿಗೆ ಮೊದಲು ಒಂದು ಚಿತ್ರ ಇದ್ದರೆ ಚೆನ್ನ ಅಂತ ನನಗೆ ಅನ್ನಿಸಿತು. ಇಂಟರ್‌ನೆಟ್ಟಿನಲ್ಲಿ ಹುಡುಕಿದೆ. ಕಿಕ್ಕಿರಿದ ನಕ್ಷತ್ರಗಳ ನಡುವೆ ದುಂಡಗಿನ ಕಪ್ಪು ಜಾಗ. ಯಾರೋ ಬಟ್ಟೆ ಕತ್ತರಿಸಿ ತೆಗೆದ ಹಾಗೆ. ಕೆಳಗೆ 'ಬ್ರಹ್ಮಾಂಡದ ಮಹಾಶೂನ್ಯ' ಅನ್ನುವ ಅರ್ಥದ ಬರಹ. ನಾನು ನಂಬಿದೆ. ಸಾರ್‌ಗೆ ತೋರಿಸಿದೆ, ಅವರೂ ಒಪ್ಪಿದರು. ಆ ಚಿತ್ರ ಪ್ರದರ್ಶನಕ್ಕೆ ಸೇರಿತು. ಮೇಲಿನ ಕಚೇರಿಯವರಿಗೆ ಅದು ಎಷ್ಟು ಹಿಡಿಸಿತೆಂದರೆ ಅದನ್ನೇ ದೊಡ್ಡ ಪೋಸ್ಟರ್ ಮಾಡಿ, ನಾವು ಹೋದ ಶಾಲೆಗೆಲ್ಲ ಒಂದೊಂದು ಕೊಡಿಸಿದರು. ನನ್ನ ಹೆಸರೂ ಮೂಲೆಯಲ್ಲಿ ಸಣ್ಣಕ್ಷರದಲ್ಲಿತ್ತು. ಎಷ್ಟೋ ಶಾಲೆಯ ಗೋಡೆಯ ಮೇಲೆ ಅದನ್ನು ನೋಡಿ ಹೆಮ್ಮೆಪಟ್ಟಿದ್ದೇನೆ.

ಒಂದು ದಿನ ಸಂಪಾಜೆ ಕಡೆಯ ಒಂದು ಶಾಲೆಯಲ್ಲಿ, ಮಧ್ಯಾಹ್ನದ ಊಟಕ್ಕೆ ಮೊದಲಿನ ಕೊನೆಯ ಪ್ರದರ್ಶನ. ಮಕ್ಕಳು ಕಡಿಮೆ ಇದ್ದುದರಿಂದ ಶಿಕ್ಷಕರೂ ಬಂದರು. ಅವರ ಹಿಂದೆ ಬಿಸಿಯೂಟದ ಅಡುಗೆ ಮಾಡುವ ಜಾನಕಿಯೂ ತೂರಿಕೊಂಡು ಬಂದಳು. ನಲವತ್ತರ ಹತ್ತಿರದ ಹೆಂಗಸು, ಸೀರೆಯನ್ನು ಎತ್ತಿ ಸೊಂಟಕ್ಕೆ ಸಿಕ್ಕಿಸಿಕೊಂಡಿದ್ದಳು. ಸಾರಿನ ಒಗ್ಗರಣೆಯ ಪರಿಮಳ ಅವಳ ಜೊತೆಗೇ ಒಳಗೆ ಬಂತು. ಪ್ರದರ್ಶನ ಮುಗಿದು ಎಲ್ಲರೂ ಹೊರಗೆ ಬಂದ ಮೇಲೆ, ನಾನು ಎಂದಿನಂತೆ ಪೋಸ್ಟರ್ ಬಿಚ್ಚಿ ಹಿಡಿದು, "ಏನಾದ್ರೂ ಕೇಳೋದಿದ್ಯಾ?" ಅಂದೆ. ಜಾನಕಿ ಹಿಂದಿನಿಂದ ಕೇಳಿದಳು.

"ಮೇಡಂ, ಈ ಖಾಲಿ ಜಾಗ ನಮ್ಮ ನಕ್ಷತ್ರಗಳಿಂದ ಆಚೆ ಉಟ್ಟು ಅಂತ ಹೇಳಿದ್ರಲ್ಲ?"

ಉಟ್ಟು ಅಂದರೆ ಉಂಟು. ಅವಳ ಮನೆಮಾತು ಅರೆಭಾಷೆ. ನನ್ನದೂ ಅದೇ.

"ಹೌದು. ತುಂಬಾ, ತುಂಬಾ ಆಚೆ."

"ಹಂಗಾದ್ರೆ ಈಚೆ ಇರುವ ನಕ್ಷತ್ರಗಳು ಅದರ ಎದುರಿಗೆ ಕಾಣ್ಬೇಕಲ್ಲ? ಈ ಕಪ್ಪಿನಲ್ಲಿ ಒಂದೂ ಇಲ್ಲೆ. ಅಂಗಳ ಖಾಲಿ ಇದ್ರೆ ಕಿಟಕಿಯ ಸರಳು ಮಾಯ ಆಗ್ತದಾ?"

ಮುಖ್ಯೋಪಾಧ್ಯಾಯರು, "ಜಾನಕಿ, ಸಾರಿಗೆ ಉಪ್ಪು ಹಾಕಿದ್ಯಾ ನೋಡು ಹೋಗು" ಅಂದರು. ಶಿಕ್ಷಕರು ನಕ್ಕರು. ಅವರು ನಕ್ಕದ್ದು ನೋಡಿ ಮಕ್ಕಳು ನಕ್ಕರು. ನಾನೂ ನಕ್ಕೆ. ನಕ್ಕು, "ಅದು ಅಷ್ಟು ದೊಡ್ಡ ಖಾಲಿ ಜಾಗ, ಅದಕ್ಕೇ ಹಾಗೆ" ಅಂದೆ.

"ಆಯ್ತು ಮೇಡಂ" ಅಂದು ಅವಳು ಅಡುಗೆಕೋಣೆಗೆ ಹೋದಳು.

ಘಾಟಿ ಹತ್ತುವಾಗ ಹಂಸಾಕ, "ಮೇಡಂ, ಆ ಅಡುಗೆಯ ಚೇಚಿ, ಆ ಅಕ್ಕ ಕೇಳಿದ್ದು ನನಗೆ ತಿಳೀತು. ನೀವು ಹೇಳಿದ್ದು ತಿಳೀಲಿಲ್ಲ" ಅಂದರು.

"ನನಗೂ ತಿಳೀಲಿಲ್ಲ ಹಂಸಾಕ" ಅಂದೆ.

ಮರುದಿನ ಇಡೀ ಬೆಳಗು ಓದಿದೆ. ಹನ್ನೊಂದು ಗಂಟೆಯ ಹೊತ್ತಿಗೆ ವಿಷಯ ತಿಳಿಯಿತು. ಆ ಚಿತ್ರದಲ್ಲಿದ್ದದ್ದು ಖಾಲಿ ಜಾಗವೇ ಅಲ್ಲ. ಅದು ಧೂಳಿನ ಮೋಡ. ನಮ್ಮದೇ ಗ್ಯಾಲಕ್ಸಿಯೊಳಗೆ, ನಮಗೆ ಹತ್ತಿರದಲ್ಲೇ ಇರುವ ದಟ್ಟ ಮೋಡ. ಹಿಂದಿನ ನಕ್ಷತ್ರಗಳ ಬೆಳಕನ್ನು ತಡೆಯುವುದರಿಂದ ಕಪ್ಪಾಗಿ ಕಾಣುತ್ತದೆ. ಅದರ ಹಿಂದೆ ಲೆಕ್ಕವಿಲ್ಲದಷ್ಟು ನಕ್ಷತ್ರಗಳಿವೆ. ನಿಜವಾದ ಮಹಾಶೂನ್ಯದ ಕಡೆ ಕ್ಯಾಮೆರಾ ಹಿಡಿದರೆ ನಮ್ಮ ನಕ್ಷತ್ರಗಳು ಅಡ್ಡ ಬಂದೇ ಬರುತ್ತವೆ, ಕಿಟಕಿಯ ಸರಳಿನ ಹಾಗೆ. ಅದರ ಆಚೆಗೆ ಏನೂ ಇಲ್ಲವೆಂದು ತಿಳಿಯುವುದು ಚಿತ್ರದಿಂದಲ್ಲ. ಒಂದೊಂದೇ ಗ್ಯಾಲಕ್ಸಿಯ ದೂರ ಅಳೆದು ನಕ್ಷೆ ಬರೆದ ಮೇಲೆ. ಏಳನೇ ತರಗತಿ ಓದಿದ ಜಾನಕಿ ನಿಂತಲ್ಲೇ ಕಂಡದ್ದನ್ನು, ವಿಜ್ಞಾನ ಪದವಿ ಪಡೆದ ನಾನು ಎರಡು ವರ್ಷ ಕೈಯಲ್ಲಿ ಹಿಡಿದು ತಿರುಗಿದರೂ ಕಂಡಿರಲಿಲ್ಲ.

ಪೂವಯ್ಯ ಸಾರ್ ಎದುರು ಹೋಗಿ ಹೇಳಿದೆ. ಅವರು ಕನ್ನಡಕ ತೆಗೆದು ಒರೆಸಿ ಮತ್ತೆ ಹಾಕಿಕೊಂಡರು. ಅವರ ನಿವೃತ್ತಿಗೆ ಕೆಲವೇ ತಿಂಗಳು ಉಳಿದಿತ್ತು.

"ಪೋಸ್ಟರ್ ಎಲ್ಲೆಲ್ಲಿ ಹೋಗಿದೆ?"

"ನಾವು ಹೋದ ಎಲ್ಲಾ ಶಾಲೆಗೂ ಸಾರ್."

ಮೇಲಿನ ಕಚೇರಿಗೆ ಫೋನ್ ಮಾಡಿದರು. ಆ ಕಡೆಯವರ ಮಾತು ನನಗೂ ಕೇಳುತ್ತಿತ್ತು. ಯಾರಿಗೂ ಗೊತ್ತಾಗಿಲ್ಲವಲ್ಲ, ಮುಂದಿನ ಸಲ ಬೇರೆ ಚಿತ್ರ ಹಾಕಿದರೆ ಆಯಿತು, ತಪ್ಪು ಅಂತ ಕಾಗದದಲ್ಲಿ ಬರೆದು ಕೊಡಬೇಡಿ ಅನ್ನುತ್ತಿದ್ದರು.

"ಒಬ್ಬರಿಗೆ ಗೊತ್ತಾಗಿದೆ" ಅಂದರು ಸಾರ್. ಫೋನ್ ಇಟ್ಟು ನನ್ನ ಕಡೆ ತಿರುಗಿ, "ಜೀಪು ತೆಗೀಲಿಕ್ಕೆ ಹೇಳಿ" ಅಂದರು.

ಸಂಪಾಜೆಯ ಆ ಶಾಲೆಗೆ ಅವರೇ ಬಂದರು. ಮಕ್ಕಳನ್ನು ಅಂಗಳದಲ್ಲಿ ನಿಲ್ಲಿಸಿ ಜಾನಕಿಯನ್ನು ಕರೆಸಿದರು. ಅವಳು ಕೈ ಒರೆಸಿಕೊಳ್ಳುತ್ತಾ, ಮುಖ ಬಿಳಿಚಿಕೊಂಡು ಓಡಿ ಬಂದಳು. "ಎಂತ ಆಯ್ತು? ಅನ್ನದಲ್ಲಿ ಕಲ್ಲಿತ್ತಾ?" ಅಂತ ಶಿಕ್ಷಕಿಯೊಬ್ಬರನ್ನು ಮೆಲ್ಲಗೆ ಕೇಳಿದ್ದು ನನಗೆ ಕೇಳಿಸಿತು.

ಸಾರ್ ಮಕ್ಕಳಿಗೆ ಹೇಳಿದರು: "ನಿಮ್ಮ ಗೋಡೆ ಮೇಲಿರೋ ಚಿತ್ರ ತಪ್ಪು. ಅದು ಖಾಲಿ ಜಾಗ ಅಲ್ಲ, ಮೋಡ. ಅದನ್ನ ಒಪ್ಪಿದವನು ನಾನು. ತಪ್ಪು ಕಂಡುಹಿಡಿದವರು ಇವರು." ಆಮೇಲೆ ಜಾನಕಿಗೆ ಕೈಮುಗಿದರು. ಆರಡಿ ಎತ್ತರದ ಮನುಷ್ಯ ಅಷ್ಟು ಬಗ್ಗಿದ್ದನ್ನು ನಾನು ಅದೇ ಮೊದಲು ನೋಡಿದ್ದು. ಅವಳಿಗೆ ಏನು ಮಾಡಬೇಕೆಂದು ತೋಚದೆ ತಾನೂ ಕೈಮುಗಿದಳು. ಮಕ್ಕಳು ಚಪ್ಪಾಳೆ ತಟ್ಟಿದರು.

ಸಾರ್ ಚಿತ್ರದ ತಪ್ಪನ್ನು ಒಪ್ಪಿಕೊಂಡರು. ನಕ್ಕದ್ದು ನಾನು. ಅದನ್ನು ಅವರು ಒಪ್ಪಿಕೊಳ್ಳಲಾಗುವುದಿಲ್ಲ. ಅಡುಗೆಕೋಣೆಗೆ ಹೋದೆ. ಅನ್ನದ ದೊಡ್ಡ ಪಾತ್ರೆ ಕುದಿಯುತ್ತಿತ್ತು. ಅರೆಭಾಷೆಯಲ್ಲೇ ಕ್ಷಮೆ ಕೇಳಿದೆ. ನಾನೂ ಅವರೊಟ್ಟಿಗೆ ನಗಬಾರದಿತ್ತು ಅಂದೆ.

"ನೀವು ನಕ್ಕದ್ದು ನಾ ಕಂಡಿಲ್ಲೆ" ಅಂದಳು, ಸೌಟು ಆಡಿಸುತ್ತಾ. ಕಂಡಿದ್ದಳು. ಸ್ವಲ್ಪ ಹೊತ್ತಿನ ನಂತರ ಪಾತ್ರೆಯ ಕಡೆ ಬೆರಳು ತೋರಿಸಿ, "ನೋಡಿ ಅಕ್ಕ, ನೀವು ಗೋಡೆ ಗೋಡೆ ಅಂತ ಹೇಳ್ತಿದ್ರಲ್ಲ, ಮಕ್ಕಳಿಗೆ ಎಂತ ಅರ್ಥ ಆಗ್ತದೆ? ಇದನ್ನ ತೋರ್ಸಿ. ಈ ನೊರೆ ಗುಳ್ಳೆಯ ಸಿಪ್ಪೆಯಲ್ಲಿ ನಿಮ್ಮ ಗ್ಯಾಲಕ್ಸಿ. ಒಳಗೆ ಖಾಲಿ. ಹಂಗೆ ಅಲ್ವಾ?" ಅಂದಳು.

ಮೇಡಂ ಇದ್ದವಳು ಅವಳಿಗೆ ಅಕ್ಕ ಆದದ್ದು ಆ ಪಾತ್ರೆಯ ಎದುರಿಗೆ. ಕುದಿಯುವ ಅನ್ನದ ನೊರೆ ಇವತ್ತಿಗೂ ನಮ್ಮ ವಿವರಣೆಯಲ್ಲಿದೆ. ಪುಸ್ತಕದಲ್ಲಿ ಬೇರೆ ಉದಾಹರಣೆ ಕೊಟ್ಟಿರುತ್ತಾರೆ. ನೀವು ಇದನ್ನೇ ಹೇಳಿ.

ಮುಂದಿನ ಮೂರು ತಿಂಗಳು ನಾವು ಪೋಸ್ಟರ್ ಕೊಟ್ಟಿದ್ದ ಶಾಲೆಗಳಿಗೆಲ್ಲ ಮತ್ತೆ ಹೋದೆವು. ಕೆಲವು ಕಡೆ ಶಿಕ್ಷಕರು, "ಇರ್ಲಿ ಬಿಡಿ ಮೇಡಂ, ಗೋಡೆಗೆ ಚೆನ್ನಾಗಿ ಕಾಣ್ತದೆ" ಅಂದರು. ಅಂಥ ಕಡೆ ಚಿತ್ರದ ಕೆಳಗಿನ ಬರಹದ ಮೇಲೆ 'ಧೂಳಿನ ಮೋಡ' ಅಂತ ಚೀಟಿ ಅಂಟಿಸಿ ಬಂದೆವು. ಸಾರ್ ತಪ್ಪನ್ನು ಕಾಗದದಲ್ಲೂ ಬರೆದು ಕಳಿಸಿದರು. ಅವರಿಂದ ವಿವರಣೆ ಕೇಳಿ ಮೇಲಿನ ಕಚೇರಿಯ ಪತ್ರ ಬಂತು. ಅವರ ಬೀಳ್ಕೊಡುಗೆಗೆ ಅಲ್ಲಿಂದ ಯಾರೂ ಬರಲಿಲ್ಲ. ಹಂಸಾಕ ನಾಪೋಕ್ಲುವಿನ ಮನೆಯಿಂದ ಬಿರಿಯಾನಿ ಮಾಡಿಸಿ ತಂದಿದ್ದರು. ಜಾನಕಿ ಬಸ್ಸಿನಲ್ಲಿ ಬಂದಿದ್ದಳು. ಸಾರ್ ಭಾಷಣ ಮಾಡಲಿಲ್ಲ. ಹೋಗುವಾಗ ನನ್ನನ್ನು ಕರೆದು, "ಹೊಸ ಶೋ ಏನೇ ಮಾಡಿದ್ರೂ ಮೊದಲು ಇವರಿಗೆ ತೋರ್ಸಿ" ಅಂದರು.

ಹಾಗೇ ಮಾಡಿದೆ. ಪ್ರತಿ ಹೊಸ ಪ್ರದರ್ಶನಕ್ಕೂ ಮೊದಲು ಸಂಪಾಜೆಗೆ ಹೋಗಿ ಜಾನಕಿಗೆ ತೋರಿಸುತ್ತಿದ್ದೆ. ಅವಳಿಗೆ ಅರ್ಥವಾಗದ ಜಾಗದಲ್ಲಿ ಅವಳು ಕೆಮ್ಮುತ್ತಿದ್ದಳು. ನಾನು ಗುರುತು ಹಾಕಿಕೊಳ್ಳುತ್ತಿದ್ದೆ. ಹೆಚ್ಚಿನ ಸಲ ಅವಳು ಕೆಮ್ಮಿದ ಜಾಗದಲ್ಲಿ ನನಗೂ ಸರಿಯಾಗಿ ಗೊತ್ತಿರುತ್ತಿರಲಿಲ್ಲ.

ಬೆಟ್ಟ ಕುಸಿದ ಆ ಮಳೆಗಾಲವನ್ನು ನಿಮಗೆ ಹೇಳಬೇಕಾಗಿಲ್ಲ, ನೀವೂ ಇಲ್ಲಿಯವರೇ. ಜಾನಕಿಯ ಮನೆ, ಮನೆಯ ಹಿಂದಿನ ತೋಟ, ಅದರಾಚೆಯ ರಸ್ತೆ ಎಲ್ಲವೂ ಒಂದೇ ಬೆಳಗ್ಗೆ ಕೆಳಗೆ ಹೋಯಿತು. ಅವಳು ಮತ್ತು ಗಂಡ ಉಟ್ಟ ಬಟ್ಟೆಯಲ್ಲಿ ಹೊರಗೆ ಬಂದಿದ್ದರು. ನೆರೆಮನೆಯವರು ಬರಲಿಲ್ಲ. ಅವರಲ್ಲಿ ಇಬ್ಬರು ಅವಳ ಕೈಯಲ್ಲಿ ಊಟ ಮಾಡಿದ ಶಾಲೆಯ ಮಕ್ಕಳು.

ಪರಿಹಾರ ಕೇಂದ್ರದಲ್ಲಿರುವ ಮಕ್ಕಳಿಗೆ ಬೇಸರ ಕಳೆಯಲು ತಾರಾಲಯ ಕಳಿಸಿ ಅಂತ ಕೇಳಿದರು. ಹಂಸಾಕ, ನಾನು ಹೋದೆವು. ಒಂದೇ ಹಾಲ್‌ನಲ್ಲಿ ಸಾಲು ಸಾಲು ಚಾಪೆ. ಹಗಲೂ ರಾತ್ರಿಯೂ ಟ್ಯೂಬ್‌ಲೈಟ್ ಉರಿಯುತ್ತಿತ್ತು. ಆರಿಸಿದರೆ ಮಕ್ಕಳು ಹೆದರುತ್ತಾರೆ ಅಂತ ಆರಿಸುತ್ತಿರಲಿಲ್ಲ. ಜಾನಕಿ ಅಲ್ಲೂ ಅಡುಗೆಗೆ ನಿಂತಿದ್ದಳು. ನನ್ನನ್ನು ನೋಡಿ, "ಬಂದಿರಾ ಅಕ್ಕ" ಅಂದಳು, ಅಷ್ಟೇ.

ನಾನು ಮಹಾಶೂನ್ಯದ ಭಾಗವನ್ನು ತೆಗೆದುಹಾಕಿದ್ದೆ. ಮನೆ ಕಳೆದುಕೊಂಡವರನ್ನು ಏನೂ ಇಲ್ಲದ ಜಾಗಕ್ಕೆ ಕರೆದುಕೊಂಡು ಹೋಗುವುದು ಹೇಗೆ? ಗುಮ್ಮಟಕ್ಕೆ ಗಾಳಿ ತುಂಬುತ್ತಿರುವಾಗ ಜಾನಕಿ ಕೇಳಿದಳು, "ಖಾಲಿ ಜಾಗ ಉಟ್ಟಲ್ಲ?"

"ಇವತ್ತು ಬೇಡ ಅಂತ ಬಿಟ್ಟೆ."

"ಯಾಕೆ?"

ನಾನು ಬ್ಲೋವರಿನ ಕಡೆ ಬಗ್ಗಿದೆ. ಅವಳು ನನ್ನ ಪಕ್ಕಕ್ಕೆ ಬಂದಳು. "ಈ ಮಕ್ಕಳು ಅದನ್ನ ಮೊದಲೇ ನೋಡಿದ್ದಾರೆ ಅಕ್ಕ. ಬಿಟ್ಟರೆ ಗೊತ್ತಾಗ್ತದೆ. ಪಾಪ ಅಂತ ಬಿಟ್ಟದ್ದು ಅಂತಲೂ ಗೊತ್ತಾಗ್ತದೆ. ಇಲ್ಲಿ ಬರುವವರೆಲ್ಲ ನಮ್ಮನ್ನ ಹಂಗೇ ನೋಡ್ತಾರೆ. ನೀವು ಹಂಗೆ ಮಾಡ್ಬೇಡಿ."

ಹಾಕಿದೆ. ಮಕ್ಕಳ ಜೊತೆ ದೊಡ್ಡವರೂ ಬಂದಿದ್ದರು. ಮೊದಲೇ ಹೇಳಿದೆ: ಈಗ ಕತ್ತಲಾಗುತ್ತದೆ, ಅರ್ಧ ನಿಮಿಷ. ಆರಿಸಿದೆ.

ಎಡಗಡೆಯಿಂದ ಒಬ್ಬ ಗಂಡಸು ಬಿಕ್ಕಿದ್ದು ಕೇಳಿಸಿತು. ಬಾಯಿಗೆ ಬಟ್ಟೆ ಒತ್ತಿಕೊಂಡ ಸದ್ದು. ಇನ್ನೊಂದು ಕಡೆಯಿಂದ ಮತ್ತೊಬ್ಬರು. ಆಗ ನನಗೆ ಹೊಳೆಯಿತು. ಆ ಕೇಂದ್ರಕ್ಕೆ ಬಂದಾಗಿನಿಂದ ಇವರಿಗೆ ಕತ್ತಲೆ ಸಿಕ್ಕಿರಲಿಲ್ಲ. ಮಕ್ಕಳೆದುರು, ನೆಂಟರೆದುರು, ಅಧಿಕಾರಿಗಳೆದುರು, ಆರದ ಟ್ಯೂಬ್‌ಲೈಟಿನ ಕೆಳಗೆ ಅಳಲು ಒಂದು ಮೂಲೆಯೂ ಇರಲಿಲ್ಲ.

ಅರ್ಧ ನಿಮಿಷ ಮುಗಿಯಿತು. ನನ್ನ ಬೆರಳು ಗುಂಡಿಯ ಮೇಲಿತ್ತು. ಪಕ್ಕದಲ್ಲಿ ಕೂತಿದ್ದ ಜಾನಕಿ ನನ್ನ ಮಣಿಕಟ್ಟು ಹಿಡಿದು, "ಇನ್ನೂ ಚೂರು ಇರ್ಲಿ" ಅಂದಳು. ಅವಳ ದನಿಯೂ ಒದ್ದೆಯಾಗಿತ್ತು. ಎಷ್ಟು ಹೊತ್ತು ಬಿಟ್ಟೆನೋ ಲೆಕ್ಕವಿಲ್ಲ. ನಾನು ಒಂದು ಮಾತನ್ನೂ ಆಡಲಿಲ್ಲ. ಮಕ್ಕಳೂ ಕಿರುಚಲಿಲ್ಲ. ಅಳು ತಾನಾಗಿ ತಗ್ಗಿದ ಮೇಲೆ ಮೆಲ್ಲಗೆ ಬೆಳಕು ತಂದೆ.

ಸಂಜೆಯ ಹೊತ್ತಿಗೆ ನಾಲ್ಕು ಜನ ದೊಡ್ಡವರು ಬಂದು ಹಂಸಾಕರ ಹತ್ತಿರ ಕೇಳಿದರಂತೆ: "ಮಕ್ಕಳದ್ದು ಮುಗಿದ ಮೇಲೆ ನಮಗೆ ಅದೊಂದು ಹಾಕ್ತೀರಾ? ಮಾತು ಬೇಡ." ಒಂದು ದಿನಕ್ಕೆಂದು ಹೋದವರು ಮೂರು ದಿನ ಉಳಿದೆವು. ಮೂರು ದಿನದ ವರದಿಯಲ್ಲಿ ಏನು ಬರೆಯಬೇಕೆಂದು ತಿಳಿಯದೆ, 'ವಯಸ್ಕರಿಗೆ ವಿಶೇಷ ಪ್ರದರ್ಶನ' ಅಂತ ಬರೆದೆ. ಪೂವಯ್ಯ ಸಾರ್‌ಗೆ ಫೋನ್ ಮಾಡಿ ಹೇಳಿದಾಗ ಅವರು, "ಒಳ್ಳೇದು ಮಾಡಿದ್ರಿ" ಅಂದರು. ಅಷ್ಟು ವರ್ಷದಲ್ಲಿ ಅವರು ನನಗೆ ಹಾಗೆ ಅಂದದ್ದು ಅದೊಂದೇ ಸಲ.

ಜಾನಕಿಗೆ ಈಗ ಕುಶಾಲನಗರದ ಕಡೆ ಹೊಸ ಮನೆ ಕೊಟ್ಟಿದ್ದಾರೆ. ಅಲ್ಲಿನ ಶಾಲೆಯಲ್ಲೇ ಅಡುಗೆ. ಬಯಲು ನೋಡಿ ನೋಡಿ ಮೊದಮೊದಲು ತಲೆ ತಿರುಗುತ್ತಿತ್ತಂತೆ. ಗುಡ್ಡೆ ಇಲ್ಲದೆ ಸೂರ್ಯ ಎಲ್ಲಿ ಮುಳುಗುತ್ತಾನೆ ಅಂತಲೇ ತಿಳಿಯುತ್ತಿರಲಿಲ್ಲವಂತೆ. ಈಗ ಹಾಸನದಿಂದ ಬಂದು ನೆಲೆಸಿದ ನೆರೆಮನೆಯವಳು ಕಲಿಸಿಕೊಟ್ಟ ಮುದ್ದೆಯನ್ನೂ ಚೆನ್ನಾಗಿ ಕಟ್ಟುತ್ತಾಳೆ.

ನನ್ನ ನಿವೃತ್ತಿಯ ತಿಂಗಳು, ಕೊನೆಯ ಪ್ರದರ್ಶನಕ್ಕೆ ಆ ಶಾಲೆಯನ್ನೇ ಆರಿಸಿಕೊಂಡೆ. ಮಹಾಶೂನ್ಯದ ಭಾಗ ಬಂದಾಗ ಮೈಕನ್ನು ಜಾನಕಿಯ ಕೈಗೆ ಕೊಟ್ಟೆ. "ಹೋಗಿ ಅಕ್ಕ, ನನಗೆಲ್ಲಿ ಬರ್ತದೆ" ಅಂದಳು, ಆದರೆ ಮೈಕ್ ವಾಪಸು ಕೊಡಲಿಲ್ಲ. ನಾನು ಮಕ್ಕಳ ನಡುವೆ ಹೋಗಿ ನೆಲದ ಮೇಲೆ ಮಲಗಿದೆ. ನಂಬುತ್ತೀರೋ ಇಲ್ಲವೋ, ಅಷ್ಟು ವರ್ಷದಲ್ಲಿ ನಾನು ಪ್ರದರ್ಶನವನ್ನು ಮಲಗಿ ನೋಡಿರಲೇ ಇಲ್ಲ. ಯಾವಾಗಲೂ ಯಂತ್ರದ ಪಕ್ಕ ನಿಂತು, ಬೆನ್ನು ಬಗ್ಗಿಸಿ, ಮಕ್ಕಳನ್ನೇ ನೋಡುತ್ತಿದ್ದೆ.

"ಈಗ ನಾವು ಖಾಲಿ ಜಾಗಕ್ಕೆ ಬಂದೆವು ಮಕ್ಕಳೇ" ಅಂದಳು ಜಾನಕಿ. "ಪೂರ್ತಿ ಖಾಲಿ ಅಲ್ಲ. ಇದರೊಳಗೂ ಅಲ್ಲೊಂದು ಇಲ್ಲೊಂದು ಗ್ಯಾಲಕ್ಸಿ ಉಟ್ಟು. ಒಂದಕ್ಕೊಂದು ಬಹಳ ದೂರ. ಬರಿಗಣ್ಣಿಗೆ ಕಾಣುವುದಿಲ್ಲ. ಆದರೆ ಉಟ್ಟು."

ಅವಳೇ ಗುಂಡಿ ಒತ್ತಿದಳು, ಕತ್ತಲಾಯಿತು. ನಾನು ಮೇಲೆ ನೋಡುತ್ತಾ ಮಲಗಿದ್ದೆ. ಪಕ್ಕದಲ್ಲಿದ್ದ ಐದನೇ ತರಗತಿಯ ಹುಡುಗಿ ನನ್ನ ತೋಳು ತಟ್ಟಿದಳು.

"ಮಿಸ್, ನಂಗೆ ಒಂದು ಕಾಣ್ತಾ ಐತೆ. ಅಗೋ, ಅಲ್ಲಿ. ಅದು ಯಾವ ಗ್ಯಾಲಕ್ಸಿ?"

ನಿಜಕ್ಕೂ ಒಂದು ಕಾಣುತ್ತಿತ್ತು. ಸಣ್ಣದು, ಬಿಳಿ, ಅಲುಗಾಡದೆ ಹೊಳೆಯುತ್ತಿತ್ತು. ಇಷ್ಟು ವರ್ಷ ನಿಂತಲ್ಲಿಂದ ಅದು ನನಗೆ ಕಂಡಿರಲಿಲ್ಲ.

"ಅದು ಗ್ಯಾಲಕ್ಸಿ ಅಲ್ಲಮ್ಮ" ಅಂದೆ. "ಬಟ್ಟೆ ತೂತಾಗಿದೆ. ಹೊರಗಿನ ಬೆಳಕು ಬರ್ತಿದೆ. ಹೊಲಿಸ್ಬೇಕು."

ಅವಳು ಸ್ವಲ್ಪ ಯೋಚಿಸಿ, "ಈಗ್ಲೇ ಹೊಲಿಸ್ಬ್ಯಾಡಿ" ಅಂದಳು.

ಇನ್ನೂ ಹೊಲಿಸಿಲ್ಲ. ಬಾಗಿಲಿನಿಂದ ಎಡಕ್ಕೆ ಬಟ್ಟೆಯ ಮೂರನೇ ಪಟ್ಟಿಯಲ್ಲಿ, ಗುಮ್ಮಟದ ತುದಿಯಿಂದ ಒಂದು ಗೇಣು ಕೆಳಗಿದೆ. ಯಾವಾಗ ಹೊಲಿಸಬೇಕು ಅನ್ನುವುದನ್ನು ನೀವಿಬ್ಬರೂ ನೋಡಿಕೊಳ್ಳಿ.